ಮೂಕಚಿತ್ರದ ಕಲಾವಿದೆ ಕಮಲಾದೇವಿ

ಇಂದು ಚಲನಚಿತ್ರದಲ್ಲಿ ಸ್ತ್ರೀಪಾತ್ರವನ್ನು ಸ್ತ್ರೀಯರೇ ಅಭಿನಯಿಸುವುದು ನಮಗೆ ಸಹಜವಾಗಿ ತೋರುತ್ತದೆ. ಆದರೆ ಈ ಸಹಜತೆ ತಾನಾಗಿ ಬಂದುದಲ್ಲ. 1913ರಲ್ಲಿ ದಾದಾಸಾಹೇಬ ಫಾಲ್ಕೆಯವರು ‘ರಾಜಾ ಹರಿಶ್ಚಂದ್ರ’ ಎಂಬ ಮೂಕಚಿತ್ರವನ್ನು ತಯಾರಿಸಿದಾಗ, ತಾರಾಮತಿಯ ಪಾತ್ರವನ್ನು ವಹಿಸಲು ಒಬ್ಬ ಮಹಿಳೆಯೂ ಒಪ್ಪಲಿಲ್ಲ. ಕಡೆಗೆ ಸಾಳುಂಕೆ ಎಂಬ ತರುಣನೇ ಸೀರೆಯುಟ್ಟು ಆ ಪಾತ್ರವನ್ನು ನಿರ್ವಹಿಸಬೇಕಾಯಿತು. ಮುಂದೆ ದುರ್ಗಾಬಾಯಿ ಕಾಮತ್ ಮತ್ತು ಅವರ ಮಗಳು ಕಮಲಾಬಾಯಿ ಫಾಲ್ಕೆಯವರ ಚಿತ್ರದಲ್ಲಿ ನಟಿಸಿ ಹೊಸ ದಾರಿಯನ್ನು ತೆರೆದರು. ಆದರೂ ಬಣ್ಣ ಹಚ್ಚುವ ಹೆಣ್ಣನ್ನು ಸಮಾಜವು ಕೀಳಾಗಿಯೇ ಕಾಣುತ್ತಿತ್ತು. ಅಂತಹ ಕಾಲದಲ್ಲಿ ಮೂಕಚಿತ್ರದಲ್ಲಿ ಪಾತ್ರ ವಹಿಸಿದ ಧೀರ ಮಹಿಳೆ ಕನ್ನಡ ನಾಡಿನ ಕಮಲಾದೇವಿ ಚಟ್ಟೋಪಾಧ್ಯಾಯ.

ಕಮಲಾದೇವಿಯವರು 1903ರ ಏಪ್ರಿಲ್ 3ರಂದು ಮಂಗಳೂರಿನಲ್ಲಿ ಜನಿಸಿದರು. ತಂದೆ ಅನಂತಯ್ಯ ಧಾರೇಶ್ವರ ಅವರು ಉನ್ನತ ಸರ್ಕಾರಿ ಅಧಿಕಾರಿಗಳು. ತಾಯಿ ಗಿರಿಜಾಬಾಯಿ ವಿದ್ಯಾಸಕ್ತೆ. ಕಮಲಾದೇವಿ ಬಾಲಕಿಯಾಗಿದ್ದಾಗಲೇ ತಂದೆ ತೀರಿಕೊಂಡರು. ಅಂದಿನ ಕಾನೂನಿನಂತೆ ಆಸ್ತಿಯೆಲ್ಲ ಮಲಮಗನ ಪಾಲಾಯಿತು. ಗಿರಿಜಾಬಾಯಿಯವರು ಅವನು ಕೊಡಲು ಬಂದ ಜೀವನಾಂಶವನ್ನು ನಿರಾಕರಿಸಿ, ತಮ್ಮ ತವರಿನಿಂದ ಬಂದ ಸ್ವತ್ತಿನಲ್ಲಿಯೇ ಮಗಳನ್ನು ಬೆಳೆಸಿದರು. ಹೆಣ್ಣಿಗೆ ಸ್ವಾಭಿಮಾನವೇ ನಿಜವಾದ ಆಸ್ತಿ ಎಂಬ ಪಾಠ ಮಗಳಿಗೆ ಮನೆಯಲ್ಲಿಯೇ ದೊರೆಯಿತು.

ಎಳೆವಯಸ್ಸಿನಲ್ಲಿಯೇ ಅವರಿಗೆ ವಿವಾಹವಾಯಿತು. ಸ್ವಲ್ಪ ಕಾಲದಲ್ಲಿಯೇ ವೈಧವ್ಯವೂ ಒದಗಿತು. ಆದರೆ ಅವರು ಮೂಲೆ ಹಿಡಿದು ಕೂರಲಿಲ್ಲ. ಮದರಾಸಿನಲ್ಲಿ ವ್ಯಾಸಂಗ ಮುಂದುವರಿಸಿದರು. ಅಲ್ಲಿ ಸರೋಜಿನಿ ನಾಯಿಡು ಅವರ ಸಹೋದರರೂ ಕವಿಯೂ ನಾಟಕಕಾರರೂ ಆದ ಹರೀಂದ್ರನಾಥ ಚಟ್ಟೋಪಾಧ್ಯಾಯರ ಪರಿಚಯವಾಯಿತು. ಸಂಪ್ರದಾಯಸ್ಥರ ವಿರೋಧವನ್ನು ಲೆಕ್ಕಿಸದೆ ಇಬ್ಬರೂ ಮದುವೆಯಾದರು. ದಂಪತಿಗಳು ಅನೇಕ ಊರುಗಳಲ್ಲಿ ನಾಟಕಗಳನ್ನು ಪ್ರದರ್ಶಿಸಿದರು. ಹೀಗೆ ಕಮಲಾದೇವಿಯವರಿಗೆ ರಂಗಭೂಮಿಯ ನಂಟು ಬಲವಾಯಿತು.

ಮೂಕಚಿತ್ರವೆಂದರೆ ಮಾತಿಲ್ಲದ ಚಿತ್ರ. ನಟರ ತುಟಿಗಳು ಅಲುಗಾಡುತ್ತಿದ್ದವು. ಧ್ವನಿ ಮಾತ್ರ ಕೇಳಿಸುತ್ತಿರಲಿಲ್ಲ. ದೃಶ್ಯಗಳ ನಡುವೆ ಸಂಭಾಷಣೆಯನ್ನೂ ವಿವರಣೆಯನ್ನೂ ಅಕ್ಷರಗಳಲ್ಲಿ ತೋರಿಸುತ್ತಿದ್ದರು. ಓದುಬಾರದವರಿಗಾಗಿ ಒಬ್ಬನು ಅದನ್ನು ಗಟ್ಟಿಯಾಗಿ ಓದಿ ಹೇಳುವುದೂ ಉಂಟು. ತೆರೆಯ ಬಳಿ ಕುಳಿತವರು ಹಾರ್ಮೋನಿಯಂ, ತಬಲಗಳನ್ನು ನುಡಿಸಿ ಕಥೆಗೆ ಕಳೆಕಟ್ಟುತ್ತಿದ್ದರು. ಆದುದರಿಂದ ಅಭಿನಯದ ಭಾರವೆಲ್ಲ ಕಣ್ಣು, ಮುಖ, ಕೈಗಳ ಮೇಲೆ ಬೀಳುತ್ತಿತ್ತು.

ಶೂದ್ರಕ ಕವಿಯ ‘ಮೃಚ್ಛಕಟಿಕ’ವೆಂಬ ಸಂಸ್ಕೃತ ನಾಟಕದಲ್ಲಿ ಒಂದು ಪ್ರಸಂಗವಿದೆ. ಬಡವನಾದ ಚಾರುದತ್ತನ ಮಗ ರೋಹಸೇನ ಮಣ್ಣಿನ ಬಂಡಿ ಬೇಡ, ಚಿನ್ನದ ಬಂಡಿಯೇ ಬೇಕೆಂದು ಅಳುತ್ತಾನೆ. ವಸಂತಸೇನೆ ತನ್ನ ಒಡವೆಗಳನ್ನು ಕಳಚಿ ಆ ಮಣ್ಣಿನ ಬಂಡಿಯಲ್ಲಿ ತುಂಬುತ್ತಾಳೆ. ಒಂದೂ ಮಾತನಾಡದೆ ಇಂತಹ ವಾತ್ಸಲ್ಯವನ್ನು ಪ್ರೇಕ್ಷಕರಿಗೆ ಮುಟ್ಟಿಸಬೇಕಾದರೆ ಎಷ್ಟು ನೈಪುಣ್ಯ ಬೇಕೆಂಬುದನ್ನು ಊಹಿಸಿಕೊಳ್ಳಬಹುದು.

ಈ ನಾಟಕವನ್ನೇ ಆಧರಿಸಿ ಮೋಹನ್ ದಯಾರಾಮ್ ಭವನಾನಿ ಅವರು ‘ವಸಂತಸೇನಾ’ ಎಂಬ ಮೂಕಚಿತ್ರವನ್ನು ನಿರ್ದೇಶಿಸಿದರು. ಅದು 1930-31ರ ಸುಮಾರಿಗೆ ತೆರೆಗೆ ಬಂದಿತು. 1928ರ ‘ಶಿರಾಜ್’ ಚಿತ್ರದಿಂದ ಪ್ರಸಿದ್ಧರಾಗಿದ್ದ ಏಣಾಕ್ಷಿ ರಾಮರಾವ್ ಅವರೊಡನೆ ಕಮಲಾದೇವಿಯವರೂ ಇದರಲ್ಲಿ ಪಾತ್ರ ವಹಿಸಿದರು. ಬೆಂಗಳೂರಿನ ಹವ್ಯಾಸಿ ರಂಗಭೂಮಿಗೆ ಹೊಸ ಜೀವ ತುಂಬಿದ ಟಿ. ಪಿ. ಕೈಲಾಸಂ ಹಾಗೂ ಸಾಹಿತಿ ದೇವುಡು ನರಸಿಂಹಶಾಸ್ತ್ರಿ ಅವರೂ ಕಲಾವಿದರ ಬಳಗದಲ್ಲಿದ್ದರು.

ಕಮಲಾದೇವಿಯವರು ಬದುಕಿಗೆ ಬೇರೆ ದಾರಿ ಕಾಣದೆ ಚಿತ್ರರಂಗಕ್ಕೆ ಬಂದವರಲ್ಲ ಎಂಬುದನ್ನು ಇಲ್ಲಿ ಗಮನಿಸಬೇಕು. ಆ ವೇಳೆಗೆ ಅವರು ದೇಶವೇ ಬಲ್ಲ ಮುಂದಾಳುವಾಗಿದ್ದರು. 1926ರಲ್ಲಿ ಮದರಾಸು ಶಾಸನ ಸಭೆಗೆ ಸ್ಪರ್ಧಿಸಿ, ಕೇವಲ 55 ಮತಗಳ ಅಂತರದಿಂದ ಸೋತಿದ್ದರು. 1927ರಲ್ಲಿ ಸ್ಥಾಪನೆಯಾದ ಅಖಿಲ ಭಾರತ ಮಹಿಳಾ ಸಮ್ಮೇಳನದ ಕಾರ್ಯಭಾರವನ್ನು ಹೊತ್ತಿದ್ದರು. 1930ರ ಉಪ್ಪಿನ ಸತ್ಯಾಗ್ರಹದಲ್ಲಿ ಮುಂಬಯಿಯ ಜನರ ನಡುವೆ ಉಪ್ಪನ್ನು ಮಾರಿ ಸೆರೆಮನೆ ಸೇರಿದರು. ಇಷ್ಟೊಂದು ಗೌರವವುಳ್ಳವರು ನಟಿಯಾದರೆ ಆ ಗೌರವಕ್ಕೆ ಕುಂದು ಬರುವ ಸಂಭವವಿತ್ತು. ಅದನ್ನು ತಿಳಿದೂ ಅವರು ಹಿಂಜರಿಯಲಿಲ್ಲ. ಸಭೆಯಲ್ಲಿ ಭಾಷಣ ಮಾಡುವುದು ಹೆಣ್ಣಿಗೆ ತಕ್ಕುದಾದರೆ ಅಭಿನಯವೂ ತಕ್ಕುದೇ ಎಂಬುದನ್ನು ಅವರು ವಾದದಿಂದಲ್ಲ, ನಡತೆಯಿಂದ ತೋರಿಸಿಕೊಟ್ಟರು.

ಮೂಕಚಿತ್ರಗಳ ಯುಗ ಬೇಗನೆ ಮುಗಿಯಿತು. 1931ರ ಮಾರ್ಚ್ 14ರಂದು ‘ಆಲಂ ಆರಾ’ ಮಾತನಾಡಿತು. 1934ರಲ್ಲಿ ‘ಸತಿ ಸುಲೋಚನಾ’ ಕನ್ನಡದ ಮೊದಲ ವಾಕ್ಚಿತ್ರವಾಗಿ ಬಂದಿತು. ಗುಬ್ಬಿ ಕಂಪನಿಯ ಬಿ. ಜಯಮ್ಮನವರಂತಹ ಕಲಾವಿದೆಯರು ಮೂಕಚಿತ್ರದಿಂದ ವಾಕ್ಚಿತ್ರಕ್ಕೆ ದಾಟಿ ಕೀರ್ತಿ ಗಳಿಸಿದರು. ಆದರೆ ಭಾರತದಲ್ಲಿ ತಯಾರಾದ ಸಾವಿರಕ್ಕೂ ಮಿಕ್ಕ ಮೂಕಚಿತ್ರಗಳಲ್ಲಿ ಉಳಿದು ಬಂದವು ಬಹಳ ಕಡಮೆ. ಆ ಕಾಲದ ಚಿತ್ರಸುರುಳಿ ಸುಲಭವಾಗಿ ಬೆಂಕಿಗೆ ತುತ್ತಾಗುತ್ತಿತ್ತು. ಕೆಲವನ್ನು ಅದರಲ್ಲಿನ ಬೆಳ್ಳಿಯ ಆಸೆಗೆ ಕರಗಿಸಿದರು.

ಕಮಲಾದೇವಿಯವರು ಚಿತ್ರರಂಗದಲ್ಲಿ ಬಹುಕಾಲ ನಿಲ್ಲಲಿಲ್ಲ. ಕಲೆಯನ್ನು ಮಾತ್ರ ಎಂದೂ ಕೈಬಿಡಲಿಲ್ಲ. ಸ್ವಾತಂತ್ರ್ಯಾನಂತರ 1952ರಲ್ಲಿ ಅಖಿಲ ಭಾರತ ಕರಕುಶಲ ಮಂಡಲಿಯ ಹೊಣೆ ಹೊತ್ತು, ಹಳ್ಳಿಹಳ್ಳಿಗಳ ನೇಕಾರರನ್ನೂ ಕುಂಬಾರರನ್ನೂ ಹುಡುಕಿಕೊಂಡು ಹೋದರು. 1966ರಲ್ಲಿ ಮ್ಯಾಗ್ಸೇಸೆ ಪ್ರಶಸ್ತಿಯೂ 1987ರಲ್ಲಿ ಪದ್ಮವಿಭೂಷಣವೂ ಅವರಿಗೆ ಸಂದವು. 1988ರ ಅಕ್ಟೋಬರ್ 29ರಂದು ಅವರು ನಿಧನರಾದರು.

ನಟಿಯಾಗಲಿ ನೇಕಾರನಾಗಲಿ, ತನ್ನ ಕೌಶಲದಿಂದ ಜನರಿಗೆ ಸಂತೋಷ ನೀಡುವವರನ್ನು ಕೀಳೆಂದು ಎಣಿಸುವುದು ಸಲ್ಲದು ಎಂಬುದೇ ಕಮಲಾದೇವಿಯವರ ಬಾಳಿನ ಸಾರ. ಮೂಕಚಿತ್ರದಲ್ಲಿ ಅವರ ಧ್ವನಿ ಕೇಳಿಸದಿದ್ದರೂ ಅವರಿಟ್ಟ ಹೆಜ್ಜೆಯು ಮುಂದೆ ಬಂದ ಎಷ್ಟೋ ಕಲಾವಿದೆಯರಿಗೆ ಧೈರ್ಯವನ್ನು ನೀಡುವಂತಹುದಾಗಿತ್ತು.