ಶರೀಫಜ್ಜನ ಗುಡುಗುಡಿ, ಗಿಟಾರಿನ ಕಿಡಿ

ಆಫೀಸಿನ ಕ್ಯಾಬ್‌ನಲ್ಲಿ, ಕಾಲೇಜಿನ ಫೆಸ್ಟ್‌ನಲ್ಲಿ, ಗೆಳೆಯರ ಟ್ರಿಪ್‌ನಲ್ಲಿ ‘ಗುಡುಗುಡಿಯಾ ಸೇದಿ ನೋಡೋ’ ಹಾಡಿಗೆ ನೀವೂ ಒಮ್ಮೆಯಾದರೂ ದನಿಗೂಡಿಸಿರುತ್ತೀರಿ. ಗಿಟಾರ್, ಪಿಟೀಲು, ಡ್ರಮ್ಸ್ ಒಂದರ ಮೇಲೊಂದು ಏರುತ್ತ ಹೋದಂಗ ಕಾಲು ತಾವೇ ಕುಣಿಯುತ್ತವೆ. ‘ರಘು ದೀಕ್ಷಿತ್ ಪ್ರಾಜೆಕ್ಟ್’ ತಂಡದ ಮೊದಲ ಆಲ್ಬಂನ ಹಾಡು ಅದು. ಬಂದದ್ದು 2008ರಲ್ಲಿ. ಅಂದು ಕೇಳಿದ ಹುಡುಗರಿಗೆ ಈಗ ಮಕ್ಕಳಾಗಿವೆ. ಹಾಡು ಮಾತ್ರ ಇನ್ನೂ ಹರೆಯದಲ್ಲೇ ಇದೆ.

ಆದರೆ ಹಾಡಿನ ನಿಜವಾದ ವಯಸ್ಸು ನೂರು ದಾಟಿ ಎಷ್ಟೋ ಕಾಲವಾಯಿತು. ಬರೆದವರು ಶಿಶುನಾಳ ಶರೀಫರು. ಈಗಿನ ಹಾವೇರಿ ಜಿಲ್ಲೆಯ ಶಿಶುನಾಳದಲ್ಲಿ 1819ರಲ್ಲಿ ಹುಟ್ಟಿ, 1889ರಲ್ಲಿ ತೀರಿಕೊಂಡವರು. ಗುರು ಕಳಸದ ಗೋವಿಂದ ಭಟ್ಟರು.

ಯಾರಿಗೂ ಬೇಡವಾಗಿದ್ದ ಆಲ್ಬಂ

ರಘು ದೀಕ್ಷಿತ್ ಬೆಳೆದದ್ದು ಮೈಸೂರಿನಲ್ಲಿ. ಕಲಿತದ್ದು ಭರತನಾಟ್ಯ, ಓದಿದ್ದು ಮೈಕ್ರೊಬಯಾಲಜಿ, ಅದರಲ್ಲಿ ಚಿನ್ನದ ಪದಕ. ಮೊದಲು ‘ಅಂತರಾಗ್ನಿ’ ಎಂಬ ತಂಡ ಕಟ್ಟಿದರು. ಮುಂದೆ ಹೊಸ ತಂಡದೊಂದಿಗೆ ಹಾಡುಗಳನ್ನು ಹಿಡಿದು ಕಂಪನಿಯಿಂದ ಕಂಪನಿಗೆ ಅಲೆದರೂ ವರ್ಷಗಟ್ಟಲೆ ಯಾರೂ ಕೈಹಿಡಿಯಲಿಲ್ಲ. ಒಂದೇ ಆಲ್ಬಂನಲ್ಲಿ ಹಿಂದಿ, ಕನ್ನಡ, ಇಂಗ್ಲಿಷ್. ಇದನ್ನು ಯಾವ ಶೆಲ್ಫಿನಲ್ಲಿ ಇಡೋದು? ಕಡೆಗೆ ಹಿಂದಿ ಸಿನಿಮಾದ ಸಂಗೀತ ಜೋಡಿ ವಿಶಾಲ್–ಶೇಖರ್ ತಮ್ಮದೇ ಲೇಬಲ್‌ನಿಂದ ಅದನ್ನು ಹೊರತಂದರು.

ಅಲ್ಲಿಂದ ದಾರಿ ತೆರೆಯಿತು. 2010ರಲ್ಲಿ ಬಿಬಿಸಿಯ ಜೂಲ್ಸ್ ಹಾಲೆಂಡ್ ಕಾರ್ಯಕ್ರಮ, 2011ರಲ್ಲಿ ಇಂಗ್ಲೆಂಡಿನ ಗ್ಲಾಸ್ಟನ್‌ಬರಿ ಉತ್ಸವ, ಅದೇ ವರ್ಷ ‘ಸಾಂಗ್‌ಲೈನ್ಸ್’ ಪತ್ರಿಕೆಯ ಹೊಸಬರ ಪ್ರಶಸ್ತಿ. ಲುಂಗಿ ಉಟ್ಟು, ಕಾಲಿಗೆ ಗೆಜ್ಜೆ ಕಟ್ಟಿದ ರಾಕ್ ಗಾಯಕನನ್ನು ಜಗತ್ತು ಕಣ್ಣರಳಿಸಿ ನೋಡಿತು.

ನಮ್ಮ ಕಡೆಯವರಿಗೆ ಹೊಸದೇನಲ್ಲ

ರಾಕ್‌ಗೂ ತತ್ವಪದಕ್ಕೂ ಎಲ್ಲಿಯ ಸಂಬಂಧ ಅಂತ ಕೇಳುವವರು ಯಾದಗಿರಿ ಸೀಮೆಯ ಹಳ್ಳಿಯಲ್ಲಿ ಒಂದು ಅಮಾಸಿ ರಾತ್ರಿ ಭಜನಿಗೆ ಕೂಡಬೇಕು. ಏಕತಾರಿ, ದಮ್ಮಡಿ, ತಾಳ, ಹಾರ್ಮೋನಿಯಂ. ಒಬ್ಬರು ನುಡಿ ಎತ್ತಿಕೊಡುತ್ತಾರೆ, ಉಳಿದವರು ಪಲ್ಲವಿ ಹಿಡಿಯುತ್ತಾರೆ. ಮೊದಲು ನಿಧಾನ, ಆಮೇಲೆ ದುಡಿ, ಕಡೀಕ ಕೂತವರೆಲ್ಲ ತೂಗಾಡುವಷ್ಟು ಜೋರು. ರಾಕ್ ಶೋನಲ್ಲಿ ಸಾವಿರ ಮಂದಿ ಒಟ್ಟಿಗೆ ಕೋರಸ್ ಹಾಡುವುದೂ ಇದೇ ಹದ. ಅದಕ್ಕೇ ಈ ಹಾಡಿಗೆ ಗಿಟಾರ್ ಹೊರಗಿನಿಂದ ತಂದು ಅಂಟಿಸಿದಂತೆ ಕಾಣುವುದಿಲ್ಲ. ಆ ವೇಗ, ಆ ಮರುಕಳಿಕೆ ಪದದೊಳಗೇ ಇದ್ದವು.

ಅದೇ ಆಲ್ಬಂನಲ್ಲಿ ಶರೀಫರ ಇನ್ನೊಂದು ಪದವಿದೆ: ‘ಸೋರುತಿಹುದು ಮನಿಯ ಮಾಳಿಗಿ’. ಬೆಂಗಳೂರಿನ ಅಪಾರ್ಟ್‌ಮೆಂಟಿನಲ್ಲಿ ಕೇಳುವವರಿಗೆ ಅದು ಬರೀ ಚಂದದ ಉಪಮೆ. ಕೊಂಕಲ್‌ನಂಥ ಊರಿನ ಮಣ್ಣಿನ ಮಾಳಿಗೆ ಮನೆಯಲ್ಲಿ ಬೆಳೆದವರಿಗೆ ಅದು ಕಂಡುಂಡ ಸತ್ಯ. ಮಳೆಗಾಲಕ್ಕೆ ಮೊದಲು ಮಾಳಿಗೆ ಮೇಲೆ ಹೊಸ ಮಣ್ಣು ಹಾಕಿ ತುಳಿಯಬೇಕು. ಮರೆತರೆ ರಾತ್ರಿಯೆಲ್ಲ ಬೋಗುಣಿ, ತಂಬಿಗೆ ಇಟ್ಟುಕೊಂಡು ಎಚ್ಚರ ಇರಬೇಕು. ಅಜ್ಞಾನದಿಂದ ಮನಸ್ಸಿನ ಮಾಳಿಗೆಯೂ ಹೀಗೇ ಸೋರುತ್ತದೆ ಎಂಬುದು ಪದದ ಮಾತು. ತತ್ವ ಹೇಳಲು ಶರೀಫರು ಪುಸ್ತಕಕ್ಕೆ ಹೋಗಲಿಲ್ಲ, ತಲೆ ಎತ್ತಿ ಜಂತಿ ನೋಡಿದರು.

ಹೊಗೆ ಯಾವುದು, ರೋಗ ಯಾವುದು?

ಇಲ್ಲೇ ಒಂದು ತೊಡಕಿದೆ. ಎಷ್ಟೋ ಪಾರ್ಟಿಗಳಲ್ಲಿ ‘ಗುಡುಗುಡಿ’ ಅಂದರೆ ಹುಕ್ಕಾ ಹಾಡು, ಗಾಂಜಾ ಹಾಡು ಎಂದೇ ಆಗಿಬಿಟ್ಟಿದೆ. ಪದ ಹೇಳುವುದು ಅದಕ್ಕೆ ತೀರಾ ತಿರುಗುಮುರುಗು. ಅಲ್ಲಿ ಮನಸ್ಸೇ ಚೀಲ, ಮೋಹವೇ ಕೊಚ್ಚಿ ಸುಡಬೇಕಾದ ಸರಕು, ಹೊರಗೆ ಹೋಗಬೇಕಾದದ್ದು ಒಳಗಿನ ರೋಗ. ಚಟದ ಮಾತಿನಲ್ಲೇ ಚಟ ಬಿಡಿಸುವ ಜಾಣತನ ಅದು. ರಾಗಕ್ಕೆ ಮನಸೋತು ಕುಣಿದರೆ ತಪ್ಪಿಲ್ಲ. ಕುಣಿದು ಮುಗಿದ ಮೇಲೆ ಇಯರ್‌ಫೋನ್ ಹಾಕಿಕೊಂಡು ಮಾತುಗಳನ್ನು ಒಮ್ಮೆ ನಿಧಾನವಾಗಿ ಕೇಳಿ.

ಹಳಬರಲ್ಲಿ ಕೆಲವರಿಗೆ ರಾಕ್ ರೂಪ ರುಚಿಸಿಲ್ಲ, ಪದ ಕೆಟ್ಟಿತು ಅನ್ನುತ್ತಾರೆ. ಆದರೆ ಶರೀಫರು ನಮ್ಮ ತನಕ ಬಂದದ್ದು ಹೀಗೆ ಬಟ್ಟೆ ಬದಲಿಸುತ್ತಲೇ. ಊರ ಭಜನೆಯಿಂದ ಸಿ. ಅಶ್ವತ್ಥ್ ಅವರ ಕಂಠಕ್ಕೆ, ಅಲ್ಲಿಂದ 1990ರ ‘ಸಂತ ಶಿಶುನಾಳ ಶರೀಫ’ ಸಿನಿಮಾಕ್ಕೆ, ಆಮೇಲೆ ಗಿಟಾರಿಗೆ. ಪ್ರತಿ ಸಲವೂ ಹೊಸ ಕಿವಿಗಳು ಸಿಕ್ಕವು.

ಉಳಿದವರ ಗತಿ?

ನನ್ನ ಚಿಂತೆ ಬೇರೆ. ಶರೀಫರಿಗೆ ಅಶ್ವತ್ಥ್ ಸಿಕ್ಕರು, ರಘು ದೀಕ್ಷಿತ್ ಸಿಕ್ಕರು. ನಮ್ಮ ಭಾಗದ ಕಡಕೋಳ ಮಡಿವಾಳಪ್ಪನವರಿಗೆ, ಅವರ ಶಿಷ್ಯ ಚನ್ನೂರ ಜಲಾಲಸಾಬರಿಗೆ ಯಾರು ಸಿಕ್ಕರು? ಕೃಷ್ಣೆಯ ದಂಡೆಯ ತಿಂಥಣಿ ಮೌನೇಶ್ವರರ ಜಾತ್ರೆಗೆ ಹಿಂದೂ, ಮುಸ್ಲಿಮರಿಬ್ಬರೂ ನಡೆದುಕೊಳ್ಳುವ ಸೀಮೆ ಇದು. ಹಾಡುಗಳಿಗೆ ಬರವಿಲ್ಲ. ಬೆಂಗಳೂರಿನ ಕನಕದಾಸ ಅಧ್ಯಯನ ಕೇಂದ್ರ ತತ್ವಪದಗಳನ್ನು ಸಂಪುಟಗಳಾಗಿ ಅಚ್ಚು ಹಾಕಿಸಿದ್ದರಿಂದ ಪದಗಳೇನೋ ಉಳಿದವು. ಧಾಟಿ ಮಾತ್ರ ಅಚ್ಚಿನಲ್ಲಿ ಉಳಿಯುವುದಿಲ್ಲ. ಅದು ಹಾಡುವವರ ಗಂಟಲಲ್ಲಿದೆ. ಆ ಗಂಟಲುಗಳಿಗೆ ವಯಸ್ಸಾಗುತ್ತಿದೆ, ಅವರ ಮಕ್ಕಳು ದುಡಿಯಲು ಬೆಂಗಳೂರು, ಪುಣೆ ಸೇರಿದ್ದಾರೆ.

ಮುಂದಿನ ಹಬ್ಬಕ್ಕೆ ಊರಿಗೆ ಹೋದಾಗ ಒಂದು ಕೆಲಸ ಮಾಡಿ. ಭಜನಿ ಮ್ಯಾಳದ ಹಿರಿಯರ ಹತ್ತಿರ ಕೂತು, ‘ಯಜ್ಜಾ, ಒಂದು ಪದ ಅನ್ರಿ’ ಅಂತ ಕೇಳಿ. ಅವರು ಒಪ್ಪಿದರೆ ಫೋನಿನಲ್ಲಿ ರೆಕಾರ್ಡ್ ಮಾಡಿಕೊಳ್ಳಿ. ಪದ ಯಾರದು, ಹಾಡಿದವರು ಯಾರು, ಯಾವ ಊರು ಎಂಬುದನ್ನೂ ಅದರಲ್ಲೇ ಹೇಳಿಸಿ. ನಾಳೆ ಗಿಟಾರ್ ಹಿಡಿದ ಯಾವುದೋ ಹುಡುಗಿಗೆ ಅದೇ ಮೊದಲ ಆಲ್ಬಂನ ಮೊದಲ ಹಾಡಾದೀತು.