ತೆಳ್ಳನೆ ಮೈ, ಉಬ್ಬುಹಲ್ಲು, ಕನ್ನಡದ ನಗೆರಾಜ
ಮಧುಗಿರಿ, ಶಿರಾ, ಕೊರಟಗೆರೆ, ಪಾವಗಡದ ಗೆಳೆಯರೇ, ಕನ್ನಡ ಚಿತ್ರರಂಗದ ಹಾಸ್ಯ ಚಕ್ರವರ್ತಿ ನಮ್ಮ ತುಮಕೂರು ಜಿಲ್ಲೆಯವರೇ ಅನ್ನೋದು ಗೊತ್ತಾ?

ಹೆಸರು ಟಿ.ಆರ್. ನರಸಿಂಹರಾಜು. ಹುಟ್ಟಿದ್ದು 1923ರಲ್ಲಿ, ತಿಪಟೂರಲ್ಲಿ. ಬಾಲ್ಯದಲ್ಲೇ ಬಣ್ಣ ಹಚ್ಚಿ ನಾಟಕ ಕಂಪನಿ ಸೇರಿದರು. ಗುಬ್ಬಿ ವೀರಣ್ಣನವರ ಕಂಪನಿಯಲ್ಲೂ ಪಳಗಿದರು.

1954. ಎಚ್.ಎಲ್.ಎನ್. ಸಿಂಹ ನಿರ್ದೇಶನದ ‘ಬೇಡರ ಕಣ್ಣಪ್ಪ’. ರಾಜ್‌ಕುಮಾರ್ ನಾಯಕರಾದ ಆ ಚಿತ್ರದಲ್ಲೇ ನರಸಿಂಹರಾಜು ಕೂಡ ಬೆಳ್ಳಿತೆರೆಗೆ ಬಂದರು. ಮುಂದೆ ರಾಜ್ ಚಿತ್ರ ಅಂದರೆ ಇವರೂ ಇರಲೇಬೇಕು ಅನ್ನುವಷ್ಟು ಬೇಡಿಕೆ.

1965ರ ‘ಸತ್ಯ ಹರಿಶ್ಚಂದ್ರ’ ನೋಡಿ. ಇವರದು ನಕ್ಷತ್ರಿಕನ ಪಾತ್ರ. ವಿಶ್ವಾಮಿತ್ರರ ಸಾಲ ವಸೂಲಿಗೆ ರಾಜನ ಬೆನ್ನುಬಿದ್ದು ಗೋಳುಹೊಯ್ಯುವವನು. ಕಣ್ಣೀರಿನ ಕಥೆಯ ನಡುವೆಯೂ ನಗಿಸುತ್ತಾನೆ, ಸಿಟ್ಟೂ ಬರಿಸುತ್ತಾನೆ. ಎರಡನ್ನೂ ಒಟ್ಟಿಗೆ ಸಾಧಿಸುವುದು ರಂಗಭೂಮಿಯಲ್ಲಿ ಪಳಗಿದವರಿಗಷ್ಟೇ ಸಾಧ್ಯ.

1974ರಲ್ಲಿ ‘ಪ್ರೊಫೆಸರ್ ಹುಚ್ಚುರಾಯ’ ಚಿತ್ರ ನಿರ್ಮಿಸಿದರು. 1979ರ ಜುಲೈ 11ರಂದು ತೀರಿಕೊಂಡರು. ಬೆಂಗಳೂರು ದೂರದರ್ಶನ ಕೇಂದ್ರ ಶುರುವಾಗಿದ್ದು 1981ರಲ್ಲಿ. ಅವರು ಕಾಣದ ಆ ಟಿವಿಯೇ ಮುಂದೆ ಅವರನ್ನು ಮನೆಮನೆಗೆ ತಲುಪಿಸಿತು.

ಹಾಸ್ಯನಟ ಅಂದರೆ ನಾಯಕನ ಪಕ್ಕದವನಲ್ಲ, ಚಿತ್ರದ ಜೀವಾಳ ಅಂತ ತೋರಿಸಿಕೊಟ್ಟ ಕಲಾವಿದ ಇವರು. ಈ ವಾರ ಮಕ್ಕಳನ್ನು ಕೂರಿಸಿಕೊಂಡು ಅವರ ಒಂದು ಸಿನಿಮಾ ತಪ್ಪದೇ ನೋಡಿ. ನಿಮಗಿಷ್ಟವಾದ ಪಾತ್ರ ಯಾವುದು ಅಂತ ಕಾಮೆಂಟ್ ಮಾಡಿ.