ಐಫ್ಲಿ ರಸ್ತೆಯ ಓಟದ ಬಯಲು

ಆಕ್ಸ್‌ಫರ್ಡ್ ಎಂದೊಡನೆ ನಮ್ಮ ಮನಸ್ಸಿಗೆ ಬರುವುವು ಅಲ್ಲಿನ ಗೋಪುರಗಳು, ಪುಸ್ತಕ ಭಂಡಾರಗಳು. ಆ ಊರಿನ ಐಫ್ಲಿ ರಸ್ತೆಯಲ್ಲಿ ವಿಶ್ವವಿದ್ಯಾನಿಲಯಕ್ಕೆ ಸೇರಿದ ಓಟದ ಬಯಲೊಂದುಂಟು. ಲಕ್ಷ ಜನ ಕೂರುವ ಕ್ರೀಡಾಂಗಣಗಳನ್ನು ಕಂಡವರಿಗೆ ಅದು ಬಹು ಚಿಕ್ಕದು. ಆದರೂ ಮೈಲಿಯ ಓಟದ ಚರಿತ್ರೆಯನ್ನು ಬರೆಯುವವರು ಆ ಬಯಲನ್ನು ಬಿಟ್ಟು ಮುಂದೆ ಹೋಗಲಾರರು.

ಆಕ್ಸ್‌ಫರ್ಡ್ ಕೇಂಬ್ರಿಜ್‌ಗಳ ವಿದ್ಯಾರ್ಥಿಗಳು ಓಟ ನೆಗೆತಗಳಲ್ಲಿ ಮೊದಲು ಸ್ಪರ್ಧಿಸಿದುದು 1864ರಲ್ಲಿ, ಆಕ್ಸ್‌ಫರ್ಡಿನ ಕಾಲೇಜೊಂದರ ಮೈದಾನದಲ್ಲಿ. ಐಫ್ಲಿ ರಸ್ತೆಯ ಓಟದ ಹಾದಿ ಸಿದ್ಧವಾದುದು 1876ರಲ್ಲಿ. ಈ ಹಳೆಯ ಹಾದಿಯದೊಂದು ವೈಚಿತ್ರ್ಯ. ಅದರ ಒಂದು ಸುತ್ತು ಮೈಲಿಯ ಮೂರರಲ್ಲೊಂದು ಪಾಲು. ಓಡುವುದೂ ಗಡಿಯಾರದ ಮುಳ್ಳು ತಿರುಗುವ ದಿಕ್ಕಿನಲ್ಲಿ. ಹೊರಗಿನ ದೊಡ್ಡ ಪಂದ್ಯಗಳಲ್ಲಿ ಎಡಕ್ಕೆ ತಿರುಗಿ ಓಡುವುದೇ ರೂಢಿ. ಮನೆಯಲ್ಲೊಂದು ಬಗೆ ಕಲಿತು ಹೊರಗೆ ಇನ್ನೊಂದು ಬಗೆ ಓಡಬೇಕಾಗಿದ್ದ ಹುಡುಗರ ಪಾಡನ್ನು ನಾವು ಊಹಿಸಿಕೊಳ್ಳಬಹುದು. ಎಪ್ಪತ್ತು ವರ್ಷ ಇದನ್ನು ಸಹಿಸಿದರು. ಹಳೆಯ ವಿದ್ಯಾಪೀಠಗಳಲ್ಲಿ ಅನನುಕೂಲಕ್ಕೂ ಸಂಪ್ರದಾಯವೆಂಬ ಮರ್ಯಾದೆ ಸಲ್ಲುವುದುಂಟಷ್ಟೆ.

ಎರಡನೆಯ ಮಹಾಯುದ್ಧ ಮುಗಿದ ಮೇಲೆ ವೈದ್ಯವಿದ್ಯೆಗಾಗಿ ಬಂದ ರೋಜರ್ ಬ್ಯಾನಿಸ್ಟರ್ ಎಂಬ ತರುಣನು ವಿದ್ಯಾರ್ಥಿಗಳ ಓಟದ ಸಂಘಕ್ಕೆ ಅಧ್ಯಕ್ಷನಾದನು. ಹಳೆಯ ಹಾದಿಯನ್ನು ತೆಗೆಸಿ ಹೊಸದನ್ನು ಹಾಕಿಸಬೇಕೆಂದು ಅವನು ದುಡಿದನು. 1950ರಲ್ಲಿ 440 ಗಜದ ಸುತ್ತಿನ, ಆರು ಸಾಲುಗಳ ಹಾದಿ ತೆರೆಯಿತು. ಕಾಲೇಜಿನ ಸಮಿತಿಗಳಲ್ಲಿ ಕುಳಿತು ಎದ್ದ ನಮಗೆ ಇದೇನೂ ಅಲ್ಪ ಸಾಧನೆಯಾಗಿ ತೋರುವುದಿಲ್ಲ.

ಮೈಲಿಗೆ 1760 ಗಜ. ಹೊಸ ಹಾದಿಯಲ್ಲಿ ಸರಿಯಾಗಿ ನಾಲ್ಕು ಸುತ್ತು. ಆಗ ಓಟಗಾರರ ಕಣ್ಣೆಲ್ಲ ನಾಲ್ಕು ನಿಮಿಷದ ಎಲ್ಲೆಯ ಮೇಲೆ. 1945ರಲ್ಲಿ ಸ್ವೀಡನ್ನಿನ ಗುಂಡರ್ ಹೆಗ್ ಮೈಲಿಯನ್ನು 4 ನಿಮಿಷ 1.4 ಸೆಕೆಂಡಿನಲ್ಲಿ ಓಡಿದ್ದನು. ಒಂದು ಸುತ್ತು, ಒಂದು ನಿಮಿಷ: ಈ ಲೆಕ್ಕವನ್ನು ಹೊಸ ಹಾದಿಯೇ ಓಟಗಾರನ ಕಾಲಿಗೆ ಕಲಿಸುವಂತಿದ್ದಿತು.

1954ರ ಮೇ 6ರಂದು ವಿಶ್ವವಿದ್ಯಾನಿಲಯದ ತಂಡಕ್ಕೂ ಹವ್ಯಾಸಿ ಓಟಗಾರರ ಸಂಘದ ತಂಡಕ್ಕೂ ಅಲ್ಲಿ ಪಂದ್ಯ. ಅಷ್ಟರಲ್ಲಿ ಲಂಡನ್ನಿನ ಆಸ್ಪತ್ರೆಯನ್ನು ಸೇರಿದ್ದ ಬ್ಯಾನಿಸ್ಟರ್ ಅಂದು ಬೆಳಗ್ಗೆ ಪ್ರಯೋಗಶಾಲೆಯ ಸಾಣೆಕಲ್ಲಿನಲ್ಲಿ ಪಾದರಕ್ಷೆಯ ಮೊಳೆಗಳನ್ನು ಮಸೆದು, ಗ್ರ್ಯಾಫೈಟ್ ಸವರಿ, ರೈಲು ಹತ್ತಿದನು. ಹಾದಿಗೆ ಹಾಸಿದ್ದುದು ಕಲ್ಲಿದ್ದಲಿನ ಕಿಟ್ಟ. ಒದ್ದೆಯಾದರೆ ಅದು ಮೊಳೆಗಳಿಗೆ ಮೆತ್ತಿಕೊಳ್ಳುತ್ತದೆ. ಅಂದು ಗಾಳಿಯೂ ಬಲವಾಗಿದ್ದಿತು. ಸಮೀಪದ ಇಗರ್ಜಿಯ ಬಾವುಟದ ಬಡಿತ ತಗ್ಗಿದುದನ್ನು ಕಂಡ ಬಳಿಕವೇ ಅವನು ದಾಖಲೆಯ ಪ್ರಯತ್ನಕ್ಕೆ ಮನಸ್ಸು ಮಾಡಿದನು. ಮೊದಲು ಬ್ರ್ಯಾಷರ್, ಬಳಿಕ ಚಾಟವೇ ಮುಂದೆ ಓಡಿ ವೇಗವನ್ನು ಕಾಪಾಡಿದರು. ಮೂರು ಸುತ್ತು ಮುಗಿದಾಗ ಮೂರು ನಿಮಿಷ ಕಳೆದೇ ಹೋಗಿದ್ದಿತು. ಉಳಿದ ಸುತ್ತನ್ನು ಬ್ಯಾನಿಸ್ಟರ್ 59 ಸೆಕೆಂಡಿಗಿಂತ ಕಡಮೆ ಹೊತ್ತಿನಲ್ಲಿ ಓಡಿದನು. ಕಾಲವನ್ನು ಸಾರಿದವನ ಬಾಯಿಂದ ‘ಮೂರು’ ಎಂಬ ಶಬ್ದ ಹೊರಟೊಡನೆ ಎದ್ದ ಕೂಗಿನಲ್ಲಿ ಮಿಕ್ಕುದು ಮುಳುಗಿಹೋಯಿತು. 3 ನಿಮಿಷ 59.4 ಸೆಕೆಂಡು! ಆರೇಳು ವಾರ ಕಳೆಯುವುದರೊಳಗೆ ಆಸ್ಟ್ರೇಲಿಯದ ಜಾನ್ ಲ್ಯಾಂಡಿ ಫಿನ್ಲೆಂಡಿನಲ್ಲಿ ಆ ದಾಖಲೆಯನ್ನೂ ಮುರಿದನು.

ಕಿಟ್ಟವಿದ್ದೆಡೆ ಈಗ ಕೃತಕ ದ್ರವ್ಯದ ಹಾಸಿದೆ. 2007ರಲ್ಲಿ ಹಾದಿಗೆ ಬ್ಯಾನಿಸ್ಟರನ ಹೆಸರನ್ನಿಟ್ಟರು. ಪಕ್ಕದಲ್ಲಿ ರಗ್ಬಿ ಮೈದಾನವೂ ಈಜುಕೊಳವೂ ಇವೆ. ಕಾಲೇಜು ಕಾಲೇಜುಗಳ ಸ್ಪರ್ಧೆ, ಕೇಂಬ್ರಿಜ್‌ನೊಡನೆ ಪಂದ್ಯ, ವಿದ್ಯಾರ್ಥಿಗಳ ದಿನನಿತ್ಯದ ಅಭ್ಯಾಸ, ಎಲ್ಲಕ್ಕೂ ಆ ನಾಲ್ಕು ಸುತ್ತಿನ ಹಾದಿಯೇ. ಮೈಲಿಯನ್ನು ನಾಲ್ಕು ನಿಮಿಷದೊಳಗೆ ಮುಗಿಸಬಲ್ಲವರು ಅವರಲ್ಲಿ ಅಪೂರ್ವ. ಆರು ನಿಮಿಷದವರೂ ಏಳು ನಿಮಿಷದವರೂ ಯಥೇಷ್ಟವಾಗಿದ್ದಾರೆ.